ಗಾಯದ ನಂತರ ಫಿಗರ್ ಸ್ಕೇಟಿಂಗ್ ಕೋಚ್ ಆಗುವುದು ಹೇಗೆ? ಹಂತ ಹಂತವಾಗಿ ಒಂದು ಮಾರ್ಗದರ್ಶಿ

ಸೊಂಟಕ್ಕೋ ಮೊಣಕಾಲಿಗೋ ಪೆಟ್ಟಾಗಿ ಸ್ಪರ್ಧೆ ಬಿಟ್ಟ ಸ್ಕೇಟರ್‌ಗಳು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು: "ಇನ್ನು ಜಂಪ್ ಮಾಡಬಾರದು ಅಂತ ಡಾಕ್ಟರ್ ಹೇಳಿದ್ದಾರೆ. ಜಂಪ್ ಮಾಡಿ ತೋರಿಸಲು ಆಗದವರು ಕೋಚ್ ಆಗಬಹುದಾ?"

ಆಗಬಹುದು. ಸೋವಿಯತ್ ಒಕ್ಕೂಟದ ತತ್ಯಾನಾ ತರಾಸೋವಾ ಜೋಡಿ ಸ್ಕೇಟರ್ ಆಗಿದ್ದರು. ಹದಿಹರೆಯದಲ್ಲೇ ಗಾಯವಾಗಿ ಅವರ ಸ್ಪರ್ಧೆಯ ದಿನಗಳು ಮುಗಿದವು. ಆ ವಯಸ್ಸಿನಲ್ಲೇ ಕಲಿಸಲು ನಿಂತರು. ಇರೀನಾ ರೊಡ್ನಿನಾ ಮತ್ತು ಅಲೆಕ್ಸಾಂಡರ್ ಜೈತ್ಸೆವ್ ಜೋಡಿ 1976 ಮತ್ತು 1980ರ ಒಲಿಂಪಿಕ್ ಚಿನ್ನ ಗೆದ್ದಾಗ ಕೋಚ್ ಅವರೇ. 1998ರಲ್ಲಿ ಇಲ್ಯಾ ಕುಲಿಕ್, 2002ರಲ್ಲಿ ಅಲೆಕ್ಸೇ ಯಾಗುದಿನ್ ಪುರುಷರ ಚಿನ್ನ ಗೆದ್ದಾಗಲೂ ಅವರೇ. ಜೋಡಿಯಲ್ಲಿ ಆಡಿದವರು ಸಿಂಗಲ್ಸ್ ಚಾಂಪಿಯನ್ನರನ್ನು ತಯಾರು ಮಾಡಿದರು ಎನ್ನುವುದನ್ನು ಗಮನಿಸಿ. ತಾನು ಮಾಡಿ ತೋರಿಸುವುದು ಕೋಚ್ ಕೆಲಸದಲ್ಲಿ ಒಂದು ಸಣ್ಣ ಪಾಲು. ತಪ್ಪು ಎಲ್ಲಿದೆ ಎಂದು ಕಣ್ಣಿಗೆ ಕಾಣಬೇಕು. ಕಂಡದ್ದನ್ನು ಎದುರಿಗಿರುವ ಮಗುವಿಗೆ ಅರ್ಥವಾಗುವ ಹಾಗೆ ಹೇಳಲು ಬರಬೇಕು. ಇವೆರಡನ್ನೂ ಹೊಸದಾಗಿಯೇ ಕಲಿಯಬೇಕು. ಪದಕ ಗೆದ್ದವರಿಗೂ ಇವು ತಾನಾಗಿ ಬರುವುದಿಲ್ಲ.

ಶುರು ಮಾಡುವ ಮುಂಚೆ ಕೈಯಲ್ಲಿ ಇರಬೇಕಾದವು ಹೆಚ್ಚೇನಿಲ್ಲ: ಏನು ಮಾಡಬಹುದು, ಏನು ಮಾಡಬಾರದು ಎಂದು ಡಾಕ್ಟರ್ ಬರೆದುಕೊಟ್ಟ ಚೀಟಿ, ನಿಮ್ಮ ದೇಶದ ಸ್ಕೇಟಿಂಗ್ ಒಕ್ಕೂಟದ ಸದಸ್ಯತ್ವ, ಪ್ರಥಮ ಚಿಕಿತ್ಸೆಯ ತರಬೇತಿ, ವಿಮೆ, ಜೊತೆಗೆ ನಿಂತು ಕಲಿಸಲು ಒಪ್ಪುವ ಒಬ್ಬ ಹಿರಿಯ ಕೋಚ್. ಕೊನೆಯದು ಸಿಗುವುದೇ ಸ್ವಲ್ಪ ಕಷ್ಟ.

ಹಂತ 1: ಗಾಯದ ವಿಷಯ ಮೊದಲು ಇತ್ಯರ್ಥವಾಗಲಿ

"ನೋವು ಕಡಿಮೆಯಾಗಿದೆ, ಇನ್ನೇನು" ಎಂದು ಐಸ್ ಮೇಲೆ ಹೋಗಬೇಡಿ. ಕೋಚ್ ಆಗುವುದು ವಿಶ್ರಾಂತಿಯ ಕೆಲಸ ಅಲ್ಲ. ಚಳಿಯಲ್ಲಿ ಗಂಟೆಗಟ್ಟಲೆ ನಿಲ್ಲಬೇಕು. ಬಗ್ಗಿ ಪುಟ್ಟ ಮಕ್ಕಳ ಕೈ ಹಿಡಿಯಬೇಕು. ಯಾರೋ ಹಿಂದಿನಿಂದ ಬಂದು ಗುದ್ದಬಹುದು.

ಕ್ರೀಡಾ ವೈದ್ಯರನ್ನೋ ಫಿಸಿಯೊ ಅವರನ್ನೋ ನೋಡುವಾಗ "ಸ್ಕೇಟ್ ಮಾಡಬಹುದಾ" ಎಂದಷ್ಟೇ ಕೇಳಿದರೆ ಉಪಯೋಗವಿಲ್ಲ. ಬಿಡಿಸಿ ಕೇಳಿ. ಒಂದೇ ಸಲಕ್ಕೆ ಎಷ್ಟು ಹೊತ್ತು ನಿಲ್ಲಬಹುದು? ಒಂದೇ ಕಾಲಿನ ಮೇಲೆ ಜಾರಬಹುದಾ? ಸಿಂಗಲ್ ಜಂಪ್, ಅಂದರೆ ಗಾಳಿಯಲ್ಲಿ ಒಂದೇ ಸುತ್ತು, ಮಾಡಬಹುದಾ? ಬಿದ್ದರೆ ಏನಾಗುತ್ತದೆ? ಕೊನೆಯ ಪ್ರಶ್ನೆಯೇ ಮುಖ್ಯ, ಯಾಕೆಂದರೆ ಐಸ್ ಮೇಲೆ ಬೀಳದೇ ಇರುವ ಕೋಚ್ ಇಲ್ಲ.

ಗಾಯ ಎಲ್ಲಿ ಆಗಿದೆ ಎನ್ನುವುದರ ಮೇಲೆ ಉತ್ತರ ಬದಲಾಗುತ್ತದೆ. ಬೆನ್ನನ್ನು ಪದೇ ಪದೇ ಹಿಂದಕ್ಕೆ ಬಾಗಿಸಿ, ತಿರುಗಿಸಿ ಕೆಳಬೆನ್ನಿನ ಮೂಳೆಯಲ್ಲಿ ಸೀಳು ಬಿಟ್ಟಿದ್ದರೆ ಮಕ್ಕಳನ್ನು ಎತ್ತುವುದೇ ತೊಂದರೆ. ಸೊಂಟದ ಕೀಲಿನ ಗಾಯವಾಗಿದ್ದರೆ ಒಂಟಿ ಕಾಲಿನ ಭಾರ ತೊಂದರೆ. ತಲೆಗೆ ಪೆಟ್ಟಾಗಿ ಬಿಟ್ಟವರಿಗೆ ರಿಂಕ್‌ನ, ಅಂದರೆ ಸ್ಕೇಟಿಂಗ್ ಅಂಗಳದ, ಜೋರು ಸಂಗೀತ, ಕಣ್ಣು ಕುಕ್ಕುವ ಬೆಳಕು ಎರಡೂ ಕಾಟ ಕೊಡಬಹುದು. ಮತ್ತೆ ತಲೆಗೆ ಪೆಟ್ಟು ಬೀಳುವುದಂತೂ ಬೇಡವೇ ಬೇಡ. ಇಂಥವರು ಹೆಲ್ಮೆಟ್ ಹಾಕಿಕೊಂಡು ಕಲಿಸಿದರೆ ನಾಚಿಕೆಪಡಬೇಕಾದ್ದು ಏನೂ ಇಲ್ಲ.

ಇಲ್ಲಿ ಜನ ಎಡವುವುದು ಎರಡು ಕಡೆ. ಮೊದಲನೆಯದು, ನೋವಿನ ಮಾತ್ರೆ ನುಂಗಿ "ಒಂದೇ ಒಂದು ಸಲ" ಡಬಲ್ ಜಂಪ್ ತೋರಿಸುವುದು. ನೋವು ಗೊತ್ತಾಗದ ದಿನವೇ ಗಾಯ ದೊಡ್ಡದಾಗುವುದು. ಎರಡನೆಯದು, ಕೋಚ್ ಅಂತ ಹೆಸರಿಟ್ಟುಕೊಂಡು ಒಳಗೊಳಗೇ ಸ್ಪರ್ಧೆಗೆ ಮರಳುವ ತಯಾರಿ ನಡೆಸುವುದು. ಮರಳುವ ಆಸೆ ಇದ್ದರೆ ತಪ್ಪಿಲ್ಲ, ಬಾಯಿಬಿಟ್ಟು ಹೇಳಿ. ಹಣ ಪಡೆದು ಕಲಿಸುವವರು ಸ್ಪರ್ಧಿಸಬಹುದೇ ಎಂದು ಒಕ್ಕೂಟದಲ್ಲಿ ಕೇಳಿ ಬರಹದಲ್ಲಿ ಪಡೆಯಿರಿ. ಹಿಂದೆ ಈ ನಿಯಮ ಬಿಗಿಯಾಗಿತ್ತು, ಈಗ ಬಹಳ ಸಡಿಲವಾಗಿದೆ. ಆದರೂ ಊಹೆಯ ಮೇಲೆ ಹೋಗಬೇಡಿ.

ಹಂತ 2: ಬೂಟು ಬದಲಿಸಿ

ಟ್ರಿಪಲ್ ಜಂಪ್‌ಗೆಂದು ಮಾಡಿದ ಬೂಟು ಕಲ್ಲಿನ ಹಾಗೆ ಗಟ್ಟಿ. ಇಳಿಯುವಾಗ ಕಾಲಿನ ಮೇಲೆ ದೇಹದ ತೂಕದ ಹಲವು ಪಟ್ಟು ಹೊರೆ ಬೀಳುತ್ತದೆ ಎಂದು ಅದನ್ನು ಹಾಗೆ ಮಾಡಿರುತ್ತಾರೆ. ಜಂಪ್ ಮಾಡದೆ ಬರೀ ನಿಲ್ಲುವವರಿಗೆ ಅಷ್ಟು ಗಟ್ಟಿ ಬೇಡ. ಪಾದದ ಮುಂಭಾಗ, ಲೇಸ್ ಕಟ್ಟುವ ಜಾಗದಲ್ಲಿ ಒತ್ತಿ ಒತ್ತಿ ಸ್ನಾಯುರಜ್ಜು ಊದಿಕೊಳ್ಳುತ್ತದೆ. ಸ್ಕೇಟರ್‌ಗಳು ಇದನ್ನು ಲೇಸ್ ಬೈಟ್ ಎನ್ನುತ್ತಾರೆ. ಒಂದು ಮಟ್ಟ ಮೆತ್ತಗಿನ, ಹಗುರದ ಬೂಟು ತೆಗೆದುಕೊಳ್ಳಿ.

ಬ್ಲೇಡ್ ಹರಿತ ಮಾಡಿಸುವಾಗಲೂ ಹೇಳಿ ಮಾಡಿಸಿ. ಬ್ಲೇಡಿನ ತಳದಲ್ಲಿ ಉದ್ದಕ್ಕೂ ಒಂದು ತೋಡು ಇರುತ್ತದೆ, ಅದರ ಹೆಸರು ಹಾಲೋ. ತೋಡು ಆಳವಾಗಿದ್ದರೆ ಐಸ್ ಹಿಡಿಯುತ್ತದೆ, ಆಳ ಕಡಿಮೆಯಿದ್ದರೆ ಸಲೀಸಾಗಿ ಜಾರುತ್ತದೆ. ಕೋಚ್‌ಗಳಲ್ಲಿ ಕೆಲವರಿಗೆ ಆಳ ಕಡಿಮೆ ಇರುವುದೇ ಆರಾಮ. ಆದರೆ ಒಮ್ಮೆಲೇ ಜಾಸ್ತಿ ಬದಲಿಸಬೇಡಿ. ಕಾಲು ಹೊಸ ಹಿಡಿತಕ್ಕೆ ಒಗ್ಗುವ ಮೊದಲೇ ಮಗುವಿನ ಕೈ ಹಿಡಿದುಕೊಂಡು ಹಿಂದಕ್ಕೆ ಜಾರಬೇಕಾಗುತ್ತದೆ.

ಕೀಲು ಬೆಚ್ಚಗಿರಲಿ. ಪಾಠಗಳ ಮಧ್ಯೆ ಐದು ನಿಮಿಷ ನಡೆದಾಡಿ. ಕೆಲವು ರಿಂಕ್‌ಗಳಲ್ಲಿ ಜಾರದ ಶೂ ಹಾಕಿಕೊಂಡು ಅಂಚಿನ ಗೋಡೆಯ ಆಚೆ ನಿಂತು ಕಲಿಸಲು ಬಿಡುತ್ತಾರೆ, ಕೇಳಿ ನೋಡಿ.

ಹಂತ 3: ಕಾಗದಪತ್ರ

ಬೇಸರದ ಹಂತ, ಆದರೆ ದಾಟಲೇಬೇಕು. ಅಂತಾರಾಷ್ಟ್ರೀಯ ಮಟ್ಟದಲ್ಲಿ ಈ ಆಟವನ್ನು ನಡೆಸುವುದು 1892ರಲ್ಲಿ ಹುಟ್ಟಿದ ಇಂಟರ್‌ನ್ಯಾಷನಲ್ ಸ್ಕೇಟಿಂಗ್ ಯೂನಿಯನ್, ಚಿಕ್ಕದಾಗಿ ಐಎಸ್‌ಯು. ಆದರೆ ಕೋಚ್‌ಗೆ ಅನುಮತಿ ಕೊಡುವುದು ಆಯಾ ದೇಶದ ಒಕ್ಕೂಟ. ಅಮೆರಿಕದಲ್ಲಿ ಯು.ಎಸ್. ಫಿಗರ್ ಸ್ಕೇಟಿಂಗ್ ಸದಸ್ಯತ್ವ, ಹಿನ್ನೆಲೆ ಪರಿಶೀಲನೆ, ಮಕ್ಕಳ ಸುರಕ್ಷತೆಯ ಸೇಫ್‌ಸ್ಪೋರ್ಟ್ ತರಬೇತಿ, ವಿಮೆ ಎಲ್ಲವೂ ಬೇಕು. ಅಲ್ಲಿ 1938ರಿಂದ ಇರುವ ಪ್ರೊಫೆಷನಲ್ ಸ್ಕೇಟರ್ಸ್ ಅಸೋಸಿಯೇಷನ್ ಕೋಚ್‌ಗಳಿಗೆ ಪರೀಕ್ಷೆ ಮಾಡಿ ದರ್ಜೆ ಕೊಡುತ್ತದೆ. ಕೆನಡಾದಲ್ಲಿ ಸ್ಕೇಟ್ ಕೆನಡಾ, ಬ್ರಿಟನ್ನಿನಲ್ಲಿ ಬ್ರಿಟಿಷ್ ಐಸ್ ಸ್ಕೇಟಿಂಗ್ ಸಂಸ್ಥೆಗಳು ತಮ್ಮದೇ ಹಂತಗಳನ್ನು ಇಟ್ಟಿವೆ. ನಿಮ್ಮ ದೇಶದಲ್ಲಿ ಯಾರು ಎಂದು ತಿಳಿಯಲು ಐಎಸ್‌ಯು ಸದಸ್ಯರ ಪಟ್ಟಿ ನೋಡಿದರೆ ಸಾಕು.

ವಿಮೆ ಬರುವ ತನಕ ಒಂದು ಪಾಠವನ್ನೂ ಮಾಡಬೇಡಿ, ಪುಕ್ಕಟೆ ಪಾಠವನ್ನೂ. "ಸುಮ್ನೆ ಸ್ನೇಹಿತರ ಮಗಳಿಗೆ ಹೇಳಿಕೊಟ್ಟೆ" ಎನ್ನುವ ಮಾತು ಮಗು ಬಿದ್ದು ಮಣಿಕಟ್ಟು ಮುರಿದಾಗ ಕೆಲಸಕ್ಕೆ ಬರುವುದಿಲ್ಲ. ಪ್ರಥಮ ಚಿಕಿತ್ಸೆಯ ತರಬೇತಿಯಲ್ಲಿ ಒಂದು ಪಾಠವನ್ನು ಬಾಯಿಪಾಠ ಮಾಡಿಕೊಳ್ಳಿ: ತಲೆಗೆ ಪೆಟ್ಟಾಗಿ ಮೆದುಳು ಅಲುಗಿದೆ ಎಂಬ ಅನುಮಾನ ಬಂದರೂ ಸಾಕು, ಆ ಮಗು ಅವತ್ತು ಮತ್ತೆ ಐಸ್‌ಗೆ ಇಳಿಯಬಾರದು. ನಾಳೆ ಸ್ಪರ್ಧೆ ಇದ್ದರೂ ಅಷ್ಟೇ.

ಹಂತ 4: ಹಿರಿಯರ ಪಕ್ಕ ನಿಲ್ಲಿ, ಆರಂಭದ ಮಕ್ಕಳ ಜೊತೆ ಶುರು ಮಾಡಿ

ಬಹಳ ಜನ ಸೀದಾ ಸ್ಪರ್ಧೆಯ ಮಕ್ಕಳನ್ನು ಹಿಡಿಯಲು ನೋಡುತ್ತಾರೆ. ನಾನು ಬೇಡ ಎನ್ನುತ್ತೇನೆ. ನೀವು ನಾಲ್ಕೈದು ವರ್ಷದ ಮಗುವಾಗಿದ್ದಾಗ ಕಲಿತದ್ದು ನಿಮಗೆ ಈಗ ನೆನಪಿಲ್ಲ. ಬೀಳುವುದು, ಏಳುವುದು, ಐಸ್ ಮೇಲೆ ಹೆಜ್ಜೆ ಹಾಕುವುದು, ಎರಡು ಕಾಲಲ್ಲಿ ಜಾರುವುದು, ಬ್ಲೇಡಿನಿಂದ ಐಸ್ ಕೆರೆದು ನಿಲ್ಲುವುದು. ಇವನ್ನು ನೀವು ಹೇಗೆ ಮಾಡುತ್ತೀರಿ ಎಂದು ಯಾರಾದರೂ ಕೇಳಿದರೆ "ಹಾಗೇ ಮಾಡ್ತೀನಿ" ಎನ್ನುತ್ತೀರಿ ಅಷ್ಟೇ ಅಲ್ವಾ? ಆ "ಹಾಗೇ" ಒಳಗೆ ಏನಿದೆ ಎಂದು ಬಿಡಿಸಿ ಹೇಳಲು ಆರಂಭದ ತರಗತಿಯೇ ಕಲಿಸುತ್ತದೆ.

ಒಬ್ಬ ಹಿರಿಯ ಕೋಚ್ ಬಳಿ ಸಹಾಯಕರಾಗಿ ಸೇರಿ. ಅವರು ಏನು ಹೇಳುತ್ತಾರೆ ಎನ್ನುವುದಕ್ಕಿಂತ ಯಾವಾಗ ಸುಮ್ಮನಿರುತ್ತಾರೆ ಎಂದು ಗಮನಿಸಿ. ಮಗು ಮೂರು ಸಲ ತಪ್ಪು ಮಾಡಿದರೂ ಬಾಯಿ ಬಿಡದೆ ನಿಂತು, ನಾಲ್ಕನೇ ಸಲ ಒಂದೇ ಮಾತು ಹೇಳುವ ಕೋಚ್ ಸಿಕ್ಕರೆ ಬಿಡಬೇಡಿ. ಪಾಠ ಮುಗಿದ ಮೇಲೆ "ಆಗ ಯಾಕೆ ಏನೂ ಹೇಳಲಿಲ್ಲ?" ಎಂದು ಕೇಳಿ.

ಹಂತ 5: ಮಾಡಿ ತೋರಿಸದೆ ಕಲಿಸುವುದು

ಉಳಿದ ಹಂತಗಳನ್ನು ಒಂದು ಸಲ ದಾಟಿದರೆ ಮುಗಿಯಿತು. ಇದು ವರ್ಷಗಟ್ಟಲೆ ನಡೆಯುವಂಥದ್ದು. ಗಾಯವಾದವರಿಗೆ ಇಲ್ಲಿ ಒಂದು ಲಾಭವೂ ಇದೆ. ಎದ್ದು ತೋರಿಸಿಬಿಡೋಣ ಎನ್ನುವ ಸುಲಭದ ದಾರಿ ಮುಚ್ಚಿರುವುದರಿಂದ ನೋಡುವುದನ್ನು ಬೇಗ ಕಲಿಯುತ್ತಾರೆ.

ನೋಡುವುದು ಹೇಗೆ? ಮಗು ಬೀಳುವುದು ಇಳಿಯುವಾಗ. ತಪ್ಪು ನಡೆದಿರುವುದು ಸಾಮಾನ್ಯವಾಗಿ ಅದಕ್ಕೆ ಮೊದಲೇ. ಹಾಗಾಗಿ ಬಿದ್ದ ಜಾಗ ನೋಡಬೇಡಿ, ಹಿಂದಕ್ಕೆ ಹೋಗಿ. ಯಾವ ಎಡ್ಜ್ ಮೇಲೆ ಬಂದಳು? ಎಡ್ಜ್ ಎಂದರೆ ಬ್ಲೇಡಿನ ಅಂಚು. ಪ್ರತಿ ಬ್ಲೇಡಿಗೂ ಒಳಗಿನ ಒಂದು, ಹೊರಗಿನ ಒಂದು ಅಂಚು. ಭುಜ ಮೊದಲೇ ತಿರುಗಿತಾ? ಮೇಲೇಳುವ ಮುಂಚೆಯೇ ತಲೆ ತಿರುಗಿತಾ? ಗಾಳಿಯಲ್ಲಿ ದೇಹದ ಭಾರ ಇಳಿಯುವ ಕಾಲಿನ ಮೇಲೆ ಬಂತಾ? ಒಂದು ಪ್ರಯತ್ನದಲ್ಲಿ ಒಂದನ್ನೇ ನೋಡಿ. ಎಲ್ಲವನ್ನೂ ಒಟ್ಟಿಗೆ ನೋಡಲು ಹೋದರೆ ಏನೂ ಕಾಣುವುದಿಲ್ಲ.

ಆರು ಜಂಪ್‌ಗಳ ಲೆಕ್ಕ ಬಾಯಿಗೆ ಬಂದಿರಲಿ. ಹೆಚ್ಚಿನ ಸ್ಕೇಟರ್‌ಗಳು ಎಡಕ್ಕೆ, ಅಂದರೆ ಗಡಿಯಾರದ ಮುಳ್ಳಿಗೆ ವಿರುದ್ಧವಾಗಿ ತಿರುಗುತ್ತಾರೆ. ಅವರ ಲೆಕ್ಕ ಹೀಗೆ:

– ಟೋ ಲೂಪ್: ಬಲಗಾಲಿನ ಹಿಂದಕ್ಕೆ ಹೋಗುವ ಹೊರ ಎಡ್ಜ್, ಎಡಗಾಲಿನ ಟೋ ಪಿಕ್ ಊರಿ ಜಿಗಿತ. ಟೋ ಪಿಕ್ ಎಂದರೆ ಬ್ಲೇಡಿನ ತುದಿಯ ಹಲ್ಲುಗಳು.
– ಲೂಪ್: ಅದೇ ಎಡ್ಜ್, ಟೋ ಪಿಕ್ ಊರುವುದಿಲ್ಲ.
– ಸಾಲ್ಕೋ: ಎಡಗಾಲಿನ ಹಿಂದಕ್ಕೆ ಹೋಗುವ ಒಳ ಎಡ್ಜ್, ಟೋ ಪಿಕ್ ಇಲ್ಲ.
– ಫ್ಲಿಪ್: ಅದೇ ಒಳ ಎಡ್ಜ್, ಬಲಗಾಲಿನ ಟೋ ಪಿಕ್.
– ಲುಟ್ಜ್: ಎಡಗಾಲಿನ ಹಿಂದಕ್ಕೆ ಹೋಗುವ ಹೊರ ಎಡ್ಜ್, ಬಲಗಾಲಿನ ಟೋ ಪಿಕ್.
– ಆಕ್ಸೆಲ್: ಎಡಗಾಲಿನ ಮುಂದಕ್ಕೆ ಹೋಗುವ ಹೊರ ಎಡ್ಜ್. ಮುಂದೆ ನೋಡಿ ಜಿಗಿದು ಹಿಂದಕ್ಕೆ ಇಳಿಯುವುದರಿಂದ ಅರ್ಧ ಸುತ್ತು ಜಾಸ್ತಿ.

ಇಳಿಯುವುದು ಮಾತ್ರ ಎಲ್ಲದರಲ್ಲೂ ಬಲಗಾಲಿನ ಹಿಂದಕ್ಕೆ ಹೋಗುವ ಹೊರ ಎಡ್ಜ್ ಮೇಲೆ.

ಲುಟ್ಜ್ ಕಲಿಸುವಾಗ ಸುಳ್ಳು ಯಶಸ್ಸಿನ ಬಗ್ಗೆ ಎಚ್ಚರ. ಈ ಜಂಪ್‌ನಲ್ಲಿ ಬರುವ ದಾರಿಯ ತಿರುವು ಒಂದು ಕಡೆಗೆ, ಗಾಳಿಯಲ್ಲಿನ ಸುತ್ತು ಇನ್ನೊಂದು ಕಡೆಗೆ. ಅದು ಕಷ್ಟವಾದ್ದರಿಂದ ಕೊನೆಯ ಕ್ಷಣದಲ್ಲಿ ಕಾಲು ಗೊತ್ತಿಲ್ಲದೆ ಒಳ ಎಡ್ಜ್‌ಗೆ ವಾಲುತ್ತದೆ. ಹಾಗಾದಾಗ ಅದು ಫ್ಲಿಪ್ ಆಗಿಬಿಡುತ್ತದೆ. ಮಗು ಸೊಗಸಾಗಿ ಇಳಿಯುತ್ತದೆ, ಅಪ್ಪ ಅಮ್ಮ ಚಪ್ಪಾಳೆ ತಟ್ಟುತ್ತಾರೆ, ನೀವೂ ಮೆಚ್ಚಿದರೆ ಕೆಲಸ ಕೆಟ್ಟಿತು. ಹೀಗೆ ಅಭ್ಯಾಸವಾದ ತಪ್ಪನ್ನು ಆಮೇಲೆ ತಿದ್ದುವುದು ಹೊಸದಾಗಿ ಕಲಿಸುವುದಕ್ಕಿಂತ ಕಷ್ಟ. ಇಲ್ಲಿ ನಿಮಗೆ ಸಾಕ್ಷಿ ಐಸ್ ಮೇಲಿನ ಗೆರೆ. ಮಗುವನ್ನು ಕರೆದುಕೊಂಡು ಹೋಗಿ ಬ್ಲೇಡ್ ಬಿಟ್ಟ ಗುರುತನ್ನು ತೋರಿಸಿ. ಗೆರೆ ಯಾವ ಕಡೆಗೆ ಬಾಗಿದೆ ಎಂದು ಅವಳೇ ಹೇಳಲಿ. ನೂರು ಸಲ ಹೇಳಿದ್ದಕ್ಕಿಂತ ಇದು ಹೆಚ್ಚು ನಾಟುತ್ತದೆ.

ಮಾತು ಕಡಿಮೆ ಇರಲಿ. ಒಂದು ಪ್ರಯತ್ನಕ್ಕೆ ಒಂದೇ ಸೂಚನೆ. ದೇಹದ ಭಾಗದ ಮೇಲೆ ಗಮನ ಇಡುವುದಕ್ಕಿಂತ ಹೊರಗಿನ ಒಂದು ಗುರಿಯ ಮೇಲೆ ಗಮನ ಇಟ್ಟಾಗ ಚಲನೆ ಚೆನ್ನಾಗಿ ಬರುತ್ತದೆ ಎಂದು ಚಲನೆ ಕಲಿಯುವ ಬಗೆಗಿನ ಅಧ್ಯಯನಗಳಲ್ಲಿ ಮತ್ತೆ ಮತ್ತೆ ಕಂಡಿದೆ. ಹಾಗಾಗಿ "ಮೊಣಕಾಲು ಬಗ್ಗಿಸು" ಎನ್ನುವ ಬದಲು "ಬ್ಲೇಡಿನಿಂದ ಐಸನ್ನು ಕೆಳಕ್ಕೆ ಒತ್ತು" ಎಂದು ಹೇಳಿ ನೋಡಿ. "ಬೆನ್ನು ನೆಟ್ಟಗೆ" ಎನ್ನುವ ಬದಲು "ಎದುರಿನ ಗಡಿಯಾರ ನೋಡುತ್ತಾ ಇಳಿ". ಒಬ್ಬರಿಗೆ ಹತ್ತಿದ ಮಾತು ಇನ್ನೊಬ್ಬರಿಗೆ ಹತ್ತುವುದಿಲ್ಲ. ಯಾರಿಗೆ ಯಾವುದು ಕೆಲಸ ಮಾಡಿತು ಎಂದು ಒಂದು ಪುಸ್ತಕದಲ್ಲಿ ಬರೆದಿಡಿ.

ತೋರಿಸಲೇಬೇಕಾದಾಗ ಬೇರೆ ದಾರಿಗಳಿವೆ. ನೆಲದ ಮೇಲೆ ಶೂ ಹಾಕಿಕೊಂಡು ಹೆಜ್ಜೆ ಹೆಜ್ಜೆಯಾಗಿ ನಡೆದು ತೋರಿಸಿ. ಐಸ್ ಮೇಲೆ ಜಿಗಿಯುವ ಮುಂಚಿನ ಭಾಗವನ್ನು ಮಾತ್ರ ನಿಧಾನವಾಗಿ ಮಾಡಿ, ಜಿಗಿಯದೆ ನಿಲ್ಲಿ. ದೊಡ್ಡ ವಿದ್ಯಾರ್ಥಿಯೊಬ್ಬರಿಂದ ಮಾಡಿಸಿ. ಫೋನ್‌ನಲ್ಲಿ ನಿಧಾನಗತಿಯ ವಿಡಿಯೊ ತೆಗೆದು ಅಲ್ಲೇ ತೋರಿಸಿ. ಮನೆಯವರ ಒಪ್ಪಿಗೆ ಇಲ್ಲದೆ ಮಕ್ಕಳ ವಿಡಿಯೊ ತೆಗೆಯಬಾರದು, ತೆಗೆದದ್ದನ್ನು ಎಲ್ಲಿಯೂ ಹಾಕಬಾರದು. ಪ್ರತಿ ಜಂಪ್‌ಗೂ ವಿಡಿಯೊ ತೆಗೆಯುವುದೂ ಬೇಡ, ಮಗು ಸ್ಕೇಟ್ ಮಾಡುವುದಕ್ಕಿಂತ ಪರದೆ ನೋಡುವುದೇ ಜಾಸ್ತಿಯಾಗುತ್ತದೆ.

ಹಾರ್ನೆಸ್ ಬಗ್ಗೆ ಒಂದು ಮಾತು. ಸ್ಕೇಟರ್‌ನ ಸೊಂಟಕ್ಕೆ ಪಟ್ಟಿ ಕಟ್ಟಿ, ಕೋಲು ಅಥವಾ ಹಗ್ಗದ ಮೂಲಕ ಕೋಚ್ ಮೇಲಕ್ಕೆ ಎಳೆದು ಹಿಡಿಯುವ ಸಾಧನ ಅದು. ಕಷ್ಟದ ಜಂಪ್ ಭಯವಿಲ್ಲದೆ ಕಲಿಯಲು ಒಳ್ಳೆಯದು. ಆದರೆ ಎಳೆಯುವ ಭಾರ ನಿಮ್ಮ ಭುಜ, ಬೆನ್ನಿನ ಮೇಲೆ. ಬೆನ್ನಿನ ಗಾಯದವರು ಇದನ್ನು ಬೇರೆ ಕೋಚ್‌ಗೆ ಬಿಡಿ. ಉಳಿದವರೂ ತರಬೇತಿ ಇಲ್ಲದೆ ಮುಟ್ಟಬೇಡಿ.

ಬಲಕ್ಕೆ ತಿರುಗುವ ಮಗು ಬಂದರೆ? ಮೇಲಿನ ಲೆಕ್ಕವೆಲ್ಲ ಕನ್ನಡಿಯಲ್ಲಿ ನೋಡಿದ ಹಾಗೆ ಎಡ ಬಲ ಅದಲು ಬದಲು. ಮಗುವನ್ನು ನಿಮ್ಮ ಕಡೆಗೆ ತಿರುಗಿಸಲು ಹೋಗಬೇಡಿ. "ಎಡಗಾಲು, ಬಲಗಾಲು" ಬಿಟ್ಟು "ಜಿಗಿಯುವ ಕಾಲು, ಇಳಿಯುವ ಕಾಲು" ಎಂದು ಹೇಳುವುದನ್ನು ಮೊದಲಿನಿಂದಲೇ ರೂಢಿ ಮಾಡಿಕೊಂಡರೆ ಈ ಗೊಂದಲವೇ ಇರುವುದಿಲ್ಲ.

ಜೊತೆಗೆ ಅಂಕಪಟ್ಟಿ ಓದಲು ಕಲಿಯಿರಿ. 6.0 ಅಂಕವೇ ಗರಿಷ್ಠವಾಗಿದ್ದ ಹಳೆಯ ಪದ್ಧತಿ ಹೋಗಿ 2004ರ ಹೊತ್ತಿಗೆ ಹೊಸ ಪದ್ಧತಿ ಬಂತು. ಅದರಲ್ಲಿ ಪ್ರತಿ ಜಂಪ್, ಸ್ಪಿನ್‌ಗೆ ಒಂದು ಮೂಲ ಬೆಲೆ, ಅದರ ಮೇಲೆ ಗುಣಮಟ್ಟದ ಅಂಕ. 2018-19ರ ಸೀಸನ್‌ನಿಂದ ಈ ಗುಣಮಟ್ಟದ ಅಂಕ ಮೈನಸ್ 5ರಿಂದ ಪ್ಲಸ್ 5ರವರೆಗೆ ಇದೆ. ಜಂಪ್ ಪಕ್ಕ 'ಕ್ಯೂ' ಅಕ್ಷರ ಇದ್ದರೆ ಸುತ್ತು ಸರಿಯಾಗಿ ಕಾಲು ಭಾಗ ಕಡಿಮೆ ಎಂದು. ಒಂದು ಬಾಣದ ಗುರುತು ಇದ್ದರೆ ಕಾಲು ಭಾಗಕ್ಕಿಂತ ಹೆಚ್ಚು, ಅರ್ಧಕ್ಕಿಂತ ಕಡಿಮೆ ಕೊರತೆ. ಎರಡು ಬಾಣ ಇದ್ದರೆ ಅರ್ಧ ಅಥವಾ ಅದಕ್ಕೂ ಜಾಸ್ತಿ ಕೊರತೆ. ಇಂಗ್ಲಿಷಿನ 'ಇ' ಅಕ್ಷರ ಇದ್ದರೆ ಎಡ್ಜ್ ತಪ್ಪು. ನೀವು ಸ್ಪರ್ಧಿಯಾಗಿದ್ದಾಗ ನಿಮ್ಮ ಕೋಚ್ ಇದನ್ನೆಲ್ಲ ನೋಡಿಕೊಳ್ಳುತ್ತಿದ್ದರು. ಇನ್ನು ಮುಂದೆ ಸ್ಪರ್ಧೆಯ ಮರುದಿನ ಆ ಪಟ್ಟಿ ಹಿಡಿದು ಮಗುವಿಗೆ ವಿವರಿಸುವುದು ನಿಮ್ಮ ಕೆಲಸ.

ಹಂತ 6: ನಿಮ್ಮ ಗಾಯವನ್ನು ಮಕ್ಕಳ ಮೇಲೆ ಹೊರಿಸಬೇಡಿ

ಗಾಯದಿಂದ ಬಂದ ಕೋಚ್‌ಗಳಲ್ಲಿ ಎರಡು ಅತಿಗಳು ಕಾಣುತ್ತವೆ. "ನಾನೂ ನೋವಲ್ಲೇ ಆಡಿದ್ದೆ, ನೀನೂ ಆಡು" ಎನ್ನುವವರು ಒಂದು ಕಡೆ. ಮಗು ಸ್ವಲ್ಪ ಮುಖ ಕಿವುಚಿದರೂ ಪಾಠ ನಿಲ್ಲಿಸಿ ತನ್ನ ಆಪರೇಷನ್ ಕಥೆ ಹೇಳುವವರು ಇನ್ನೊಂದು ಕಡೆ. ಎರಡೂ ಮಗುವಿಗೆ ಹೊರೆ.

ಇದರ ಬದಲು ಲೆಕ್ಕ ಇಡಿ. ಒಂದು ಪಾಠದಲ್ಲಿ ಎಷ್ಟು ಜಂಪ್ ಆಯಿತು ಎಂದು ಬರೆಯಿರಿ, ಬಿದ್ದವನ್ನೂ ಸೇರಿಸಿ. ಮಗು ಸರಸರನೆ ಎತ್ತರವಾಗುತ್ತಿರುವ ತಿಂಗಳುಗಳಲ್ಲಿ ಜಂಪ್ ಕಡಿಮೆ ಮಾಡಿ, ಎಡ್ಜ್ ಮತ್ತು ಸ್ಕೇಟಿಂಗ್ ಜಾಸ್ತಿ ಮಾಡಿ. ಆ ಸಮಯದಲ್ಲಿ ಮೊದಲು ಬರುತ್ತಿದ್ದ ಜಂಪ್ ಹೋಗಿಬಿಡುವುದು ಸಾಮಾನ್ಯ, ಹಾಗೆಂದು ಮಗುವಿಗೂ ಮನೆಯವರಿಗೂ ಮೊದಲೇ ಹೇಳಿಡಿ. ಒಂದೇ ಜಾಗದಲ್ಲಿ ನೋವು ಮತ್ತೆ ಮತ್ತೆ ಬಂದರೆ, ರಾತ್ರಿ ಮಲಗಿದಾಗಲೂ ನೋವಿದ್ದರೆ ಡಾಕ್ಟರ್ ಹತ್ತಿರ ಕಳಿಸಿ. ಏನಾಗಿದೆ ಎಂದು ನೀವು ಹೇಳಬೇಡಿ. ನಿಮಗೆ ಗೊತ್ತಿರುವುದು ನಿಮ್ಮ ಗಾಯ ಮಾತ್ರ.

ಮಗುವಿನ ತೂಕ, ಊಟದ ಬಗ್ಗೆ ಮಾತಾಡಬೇಡಿ. ತಮಾಷೆಗೂ ಬೇಡ. ಊಟ ಸಾಲದೆ ಮುಟ್ಟು ನಿಲ್ಲುವುದು, ಮೂಳೆ ಸೀಳುವುದು ಈ ಆಟದಲ್ಲಿ ಹೊಸ ವಿಷಯ ಅಲ್ಲ. ಕೋಚ್‌ನ ಒಂದು ಮಾತು ಸಾಕು, ಮಗು ಊಟ ಬಿಡಲು. ಅವಸರವೂ ಬೇಡ. ಸೀನಿಯರ್ ವಿಭಾಗದ ಅಂತಾರಾಷ್ಟ್ರೀಯ ಸ್ಪರ್ಧೆಗೆ ಕನಿಷ್ಠ ವಯಸ್ಸನ್ನು 15ರಿಂದ 17ಕ್ಕೆ ಏರಿಸಲು ಐಎಸ್‌ಯು 2022ರಲ್ಲಿ ತೀರ್ಮಾನಿಸಿತು. 2024-25ರಿಂದ 17 ಪೂರ್ತಿ ಜಾರಿಯಲ್ಲಿದೆ. ಅಂದರೆ ಹನ್ನೆರಡು ವರ್ಷದ ಮಗುವಿನ ಕಾಲಿಗೆ ಇನ್ನೂ ಸಮಯ ಇದೆ.

ನಿಮ್ಮಿಂದ ಆಗದೇ ಉಳಿದ ಜಂಪ್ ನಿಮ್ಮ ವಿದ್ಯಾರ್ಥಿಗೆ ಮೊದಲು ಬೇಕಾದ ಜಂಪ್ ಆಗಿರಬೇಕಿಲ್ಲ. ಯೋಜನೆ ಬರೆದ ಮೇಲೆ ಹಿರಿಯ ಕೋಚ್‌ಗೆ ತೋರಿಸಿ ಇದೊಂದನ್ನು ಕೇಳಿ: "ಇದರಲ್ಲಿ ಎಲ್ಲಾದರೂ ನಾನೇ ಕಾಣುತ್ತಿದ್ದೇನಾ?"

ಹಂತ 7: ದುಡ್ಡು ಮತ್ತು ನಡವಳಿಕೆ

ರಿಂಕ್‌ನ ನೌಕರರೋ ಸ್ವಂತವಾಗಿ ದುಡಿಯುವವರೋ ಎನ್ನುವುದು ಮೊದಲೇ ಸ್ಪಷ್ಟವಿರಲಿ. ತೆರಿಗೆ, ವಿಮೆ, ರಜೆ ಎಲ್ಲ ಅದರ ಮೇಲೆ ನಿಂತಿದೆ. ಪಾಠದ ಶುಲ್ಕ ಬೇರೆ, ಐಸ್ ಬಳಸುವ ಶುಲ್ಕ ಬೇರೆ ಎಂದು ಮನೆಯವರಿಗೆ ಬರೆದು ಕೊಡಿ. ಪಾಠ ರದ್ದಾದರೆ ಏನು, ಸ್ಪರ್ಧೆಗೆ ಜೊತೆಗೆ ಬಂದರೆ ಪ್ರಯಾಣದ ಖರ್ಚು ಯಾರದು, ಸಂಗೀತ ಕತ್ತರಿಸಿ ಕೊಡುವುದಕ್ಕೆ ಹಣ ಇದೆಯಾ, ಎಲ್ಲವೂ ಅದರಲ್ಲಿರಲಿ. ಮುಖ ನೋಡಿ ಕೇಳಲು ಸಂಕೋಚವಾಗುವ ಮಾತೆಲ್ಲ ಕಾಗದದಲ್ಲಿ ಸಲೀಸು.

ಬೇರೆ ಕೋಚ್‌ನ ವಿದ್ಯಾರ್ಥಿಯನ್ನು ಕರೆಯಬೇಡಿ. ಅವರಾಗಿ ಬಂದರೆ, ಹಳೆಯ ಕೋಚ್‌ಗೆ ತಿಳಿಸಿ ಬಾಕಿ ತೀರಿಸಿದ್ದಾರೆಯೇ ಎಂದು ಕೇಳಿ, ಆಮೇಲೆ ಸೇರಿಸಿಕೊಳ್ಳಿ. ರಿಂಕ್ ಚಿಕ್ಕ ಜಗತ್ತು, ಎಲ್ಲರೂ ಬೆಳಗಿನ ಜಾವ ಒಂದೇ ಐಸ್ ಮೇಲೆ ನಿಲ್ಲಬೇಕು.

ಮಕ್ಕಳಿಗೆ ನೇರವಾಗಿ ಸಂದೇಶ ಕಳಿಸಬೇಡಿ, ಅಪ್ಪ ಅಥವಾ ಅಮ್ಮ ಆ ಗುಂಪಿನಲ್ಲಿ ಇರಲಿ. ದೇಹ ಮುಟ್ಟಿ ತಿದ್ದುವ ಮುಂಚೆ ಕೇಳಿ. ಬಾಗಿಲು ಹಾಕಿದ ಕೋಣೆಯಲ್ಲಿ ಒಬ್ಬ ವಿದ್ಯಾರ್ಥಿಯೊಂದಿಗೆ ಒಂಟಿಯಾಗಿ ಇರಬೇಡಿ.

ಹಂತ 8: ಐಸ್ ಮೇಲೆ ನಿಲ್ಲಲು ಆಗದೇ ಹೋದರೆ

ಕೆಲವು ತಿಂಗಳು ಕಲಿಸಿದ ಮೇಲೆ ಮತ್ತೆ ಫಿಸಿಯೊ ಹತ್ತಿರ ಹೋಗಿ ತೋರಿಸಿ. ನಿಲ್ಲುವುದೇ ಆಗುತ್ತಿಲ್ಲ ಎಂದರೂ ದಾರಿ ಮುಚ್ಚಿಲ್ಲ. ಐಸ್ ಹೊರಗಿನ ತರಬೇತಿ, ಅಂದರೆ ನೆಲದ ಮೇಲೆ ಜಂಪ್ ಅಭ್ಯಾಸ, ಬಲ, ಸಮತೋಲನ ಕಲಿಸುವುದು ಈಗ ಪೂರ್ಣ ಪ್ರಮಾಣದ ಕೆಲಸ. ನೃತ್ಯ ಸಂಯೋಜನೆ ಇನ್ನೊಂದು. ಟೆಕ್ನಿಕಲ್ ಸ್ಪೆಷಲಿಸ್ಟ್ ಮತ್ತೊಂದು. ಸ್ಪರ್ಧೆಯಲ್ಲಿ ಕುಳಿತು ಯಾವ ಜಂಪ್ ಮಾಡಿದರು, ಸುತ್ತು ಪೂರ್ತಿಯಾಯಿತೇ, ಎಡ್ಜ್ ಸರಿಯೇ ಎಂದು ಗುರುತಿಸುವವರು ಇವರು. ಮಾಜಿ ಸ್ಕೇಟರ್‌ಗಳಿಗೆ ಇದು ಚೆನ್ನಾಗಿ ಹೊಂದುತ್ತದೆ, ಕೋಚ್ ಆಗಿಯೇ ಉಳಿಯುವವರಿಗೂ ಇದರ ತರಬೇತಿಯಿಂದ ಕಣ್ಣು ಹರಿತವಾಗುತ್ತದೆ. ಜಡ್ಜ್ ಆಗಬೇಕೆಂದಿದ್ದರೆ ಮಾತ್ರ ಹಣ ಪಡೆದು ಕಲಿಸಲು ಶುರು ಮಾಡುವ ಮುಂಚೆಯೇ ಒಕ್ಕೂಟದಲ್ಲಿ ಕೇಳಿ, ಸಾಮಾನ್ಯವಾಗಿ ಎರಡೂ ಒಟ್ಟಿಗೆ ಹೊಂದುವುದಿಲ್ಲ. ಸ್ಕೇಟಿಂಗ್ ಸೀಸನ್ ಜುಲೈ 1ಕ್ಕೆ ಶುರುವಾಗುತ್ತದೆ. ಬದಲಾದ ನಿಯಮಗಳು, ಅಂಕದ ಬೆಲೆಗಳು ಅದಕ್ಕೆ ಮುಂಚೆಯೇ ಹೊರಬೀಳುತ್ತವೆ. ವಿದ್ಯಾರ್ಥಿಯ ಹೊಸ ಕಾರ್ಯಕ್ರಮ ಕಟ್ಟಲು ಕೂರುವ ಮೊದಲು ಅವನ್ನು ಓದಿ ಮುಗಿಸಿ.